ಹತ್ತನೇ ತೂತು

ನನ್ನ ಅಳಿಯ ಟೈಲರು. ಕೆಟ್ಟವನಲ್ಲ. ಹೊಲಿಗೆ ಅಂತೂ ಅಚ್ಚುಕಟ್ಟು, ಕಾಲರ್ ಕೂರಿಸೋದರಲ್ಲಿ ಅವನನ್ನ ಮೀರಿಸೋರಿಲ್ಲ. ಆದರೆ ಅವನ ಕೈಗೆ ರೈಫಲ್ ಕೊಟ್ಟ ದಿನದಿಂದ ನನ್ನ ಬಿ.ಪಿ. ಮಾತ್ರೆ ಅರ್ಧದಿಂದ ಒಂದಕ್ಕೆ ಏರಿತು. ಸುಮ್ಮನೆ ಹೇಳ್ತಿಲ್ಲ, ಔಷಧಿ ಅಂಗಡಿ ಇಟ್ಟಿರೋ ನನ್ನ ಮಗಳೇ ಸಾಕ್ಷಿ. ಮಾತ್ರೆ ಕೊಡೋಳೂ ಅವಳೇ, ಇವನನ್ನ ನನ್ನ ತಲೆಗೆ ಕಟ್ಟಿದೋಳೂ ಅವಳೇ.

ನಾನು ಯಾರು ಅಂತ ಹೇಳಿಬಿಡ್ತೀನಿ. ಮೂವತ್ತಾರು ವರ್ಷ ಆಪರೇಷನ್ ಥಿಯೇಟರಿನಲ್ಲಿ ನರ್ಸ್ ಆಗಿದ್ದೋಳು. ಕತ್ತರಿ, ಚಿಮುಟ, ಹತ್ತಿ, ಬಟ್ಟೆ, ಒಳಗೆ ಹೋದದ್ದೆಷ್ಟು ಹೊರಗೆ ಬಂದದ್ದೆಷ್ಟು ಅಂತ ಎಣಿಸೋದೇ ನನ್ನ ಕೆಲಸ. ಲೆಕ್ಕ ತಾಳೆಯಾಗೋ ತನಕ ಎಂಥಾ ದೊಡ್ಡ ಸರ್ಜನ್ನಿಗೂ ಹೊಟ್ಟೆ ಹೊಲಿಯೋಕೆ ಬಿಟ್ಟೋಳಲ್ಲ. ಒಬ್ಬ ಮಹಾಶಯ ಒಂದು ಸಲ 'ಸಿಸ್ಟರ್, ನನಗೆ ಊಟಕ್ಕೆ ಹೊತ್ತಾಯ್ತು' ಅಂದ. 'ಈ ಮನುಷ್ಯನ ಹೊಟ್ಟೆಯೊಳಗೆ ನಿಮ್ಮ ಕತ್ತರಿ ಇದೆ ಸಾರ್, ಅದನ್ನ ತೆಗೆದು ಆಮೇಲೆ ನಿಮ್ಮ ಹೊಟ್ಟೆ ನೋಡ್ಕೊಳ್ಳಿ' ಅಂದಿದ್ದೆ. ನಿವೃತ್ತಿಯಾದ ಮೇಲೆ ಎಣಿಸೋಕೆ ಏನೂ ಇಲ್ಲದೆ ಮನೆಯಲ್ಲಿ ಚಮಚ ಎಣಿಸ್ತಾ ಕೂತಿದ್ದೆ. ಆಗ ನಮ್ಮ ರೈಫಲ್ ಕ್ಲಬ್ಬಿನವರು ಕರೆದು ಸುರಕ್ಷತೆ ನೋಡ್ಕೊಳ್ಳೋ ಕೆಲಸ ಕೊಟ್ಟರು. ತಲೆಗೆ ಕೆಂಪು ಟೋಪಿ, ಕೊರಳಿಗೆ ಸೀಟಿ. ಸದಸ್ಯರು ಬೆನ್ನ ಹಿಂದೆ ನನ್ನನ್ನ ಸೀಟಿಯಮ್ಮ ಅಂತಾರೆ. ಅನ್ನಲಿ, ಎದುರಿಗೆ ಅನ್ನೋ ಧೈರ್ಯ ಇಲ್ಲವಲ್ಲ.

ಕ್ಲಬ್ಬು ಅಂದ ತಕ್ಷಣ ಏನೇನೋ ಕಲ್ಪಿಸಿಕೊಳ್ಳಬೇಡಿ. ಮುಚ್ಚಿಹೋದ ಬೆಂಕಿಪೊಟ್ಟಣ ಕಾರ್ಖಾನೆಯ ಗೋದಾಮು. ಉದ್ದಕ್ಕೆ ಇದೆ, ಅಗಲ ಇಲ್ಲ. ಒಂದು ತುದಿಯಲ್ಲಿ ಆಳೆತ್ತರದ ಮರಳುಗುಡ್ಡೆ, ಅದರ ಮುಂದೆ ಕಾಗದದ ಗುರಿಹಲಗೆ. ಇನ್ನೊಂದು ತುದಿಯಲ್ಲಿ ನಾಲ್ಕು ಮೇಜು, ಮೇಜಿನ ಹಿಂದೆ ನೆಲಕ್ಕೆ ಬಳಿದ ಹಳದಿ ಗೆರೆ, ಗೆರೆಯ ಹಿಂದೆ ಒಂದು ಬೆಂಚು, ಬೆಂಚಿನ ಪಕ್ಕ ಟೀ ಫ್ಲಾಸ್ಕು. ಇಷ್ಟೇ. ಆ ಹಳದಿ ಗೆರೆ ಮಾತ್ರ ನನ್ನ ರಾಜ್ಯದ ಗಡಿ. ಗೆರೆಯ ಈಚೆ ಅಳಿಯನಿಗೆ ನಾನು ಬಹುವಚನ ಕೊಡ್ತೀನಿ, ಎಷ್ಟಾದರೂ ಮನೆ ಅಳಿಯ. ಗೆರೆ ದಾಟಿದ ಮೇಲೆ ಎಲ್ಲರೂ ಏಕವಚನ. ಗುಂಡು ಮರ್ಯಾದೆ ನೋಡಿ ಹೋಗುತ್ತಾ?

ಹೊಸಬರು ಕಲಿಯೋದು ಕ್ಲಬ್ಬಿನ ಹಳೇ ಲಿವರ್ ರೈಫಲಿನಲ್ಲಿ. ಸಣ್ಣ ಗುಂಡಿನದು, ಪಾಯಿಂಟ್ ಟೂ ಟೂ. ನೋಡೋಕೆ ಆಟದ ಸಾಮಾನಿನ ಹಾಗಿದೆ, ಅದೇ ಅಪಾಯ. ನಳಿಗೆಯ ಕೆಳಗೆ ಅಂಟಿಕೊಂಡ ಹಾಗೆ ಇನ್ನೊಂದು ಕೊಳವೆ. ಅದರೊಳಗಿನ ಸಣ್ಣ ಕೊಳವೆಯನ್ನ ತಿರುಗಿಸಿ ಮೇಲಕ್ಕೆ ಎಳೆದರೆ ಪಕ್ಕದಲ್ಲಿ ಒಂದು ಕಿಂಡಿ ಬಿಚ್ಚಿಕೊಳ್ಳುತ್ತೆ. ತೋಟಾಗಳನ್ನ ಒಂದೊಂದಾಗಿ, ಹಿಂಭಾಗ ಮೊದಲಾಗಿ, ಆ ಕಿಂಡಿಗೆ ಇಳಿಬಿಡಬೇಕು. ಸಣ್ಣ ಕೊಳವೆ ವಾಪಸ್ ಒತ್ತಿ ತಿರುಗಿಸಿ ಬೀಗ ಹಾಕಬೇಕು. ಕೆಳಗಿನ ಲಿವರನ್ನ ಪೂರ್ತಿ ಕೆಳಗೆ, ಪೂರ್ತಿ ಮೇಲೆ ಆಡಿಸಿದರೆ ಒಂದು ತೋಟಾ ನಳಿಗೆಯ ಹಿಂದಿನ ಗೂಡಿಗೆ ಹೋಗಿ ಕೂರುತ್ತೆ, ಇನ್ನೊಂದು ಸಲ ಆಡಿಸಿದರೆ ಅದು ಹೊರಗೆ ಹಾರಿ ಮುಂದಿನದು ಕೂರುತ್ತೆ. ಇಷ್ಟು ಹೊತ್ತೂ ನಳಿಗೆಯ ಬಾಯಿ ಮರಳಿನ ಕಡೆ, ಬೆರಳು ಟ್ರಿಗರಿನ ಹೊರಗೆ, ನೆಟ್ಟಗೆ. ಕೈ ಅನ್ನೋದು ಯಾವ ಕಾರಣಕ್ಕೂ ನಳಿಗೆಯ ಬಾಯಿಗೆ ಅಡ್ಡ ಬರಕೂಡದು. ಯಾರಾದರೂ ಕೊಟ್ಟರೆ, ಕೊಟ್ಟೋರು ದೇವರೇ ಆಗಿರಲಿ, ಖಾಲಿ ಇದೆಯಾ ಅಂತ ನೀವೇ ನೋಡಬೇಕು. ಕಣ್ಣಲ್ಲಿ ನೋಡಬೇಕು, ಕಿರುಬೆರಳು ಹಾಕಿ ಮುಟ್ಟಿ ನೋಡಬೇಕು, ಕೊಳವೆ ಎಳೆದು ಓರೆ ಮಾಡಿ ನೋಡಬೇಕು. ಇದು ಪಾಠ. ಪರೀಕ್ಷೆಯಲ್ಲಿ ಹತ್ತು ಹುಸಿ ತೋಟಾ ತುಂಬಿ, ಹತ್ತನ್ನೂ ಹೊರತೆಗೆದು ತೋರಿಸಬೇಕು. ಕೊನೆಗೆ ಖಾಲಿ ರೈಫಲನ್ನ ಮರಳಿಗೆ ಹಿಡಿದು ಟ್ರಿಗರ್ ಒತ್ತಿ, ತೋಟಾಗೆ ಬಡಿಯೋ ಹ್ಯಾಮರನ್ನ ಇಳಿಸಬೇಕು. ಹುಸಿ ತೋಟಾ ಅಂದರೆ ಮದ್ದಿಲ್ಲದ್ದು. ಗುರುತಿಗೆ ಅಂತ ಪ್ರತಿಯೊಂದರ ಸೊಂಟದಲ್ಲೂ ಒಂದು ಸಣ್ಣ ತೂತು ಕೊರೆದಿದೆ.

ಈ ಪರೀಕ್ಷೆಯಲ್ಲಿ ನನ್ನ ಅಳಿಯ ಐದು ಸಲ ಫೇಲಾದ. ಕ್ಲಬ್ಬಿಗೆ ಬರೋ ಬೇಕರಿಯವನು ಒಂದೇ ಏಟಿಗೆ ಪಾಸಾದ. ಹಲ್ಲಿನ ಡಾಕ್ಟರು ಎರಡನೇ ಸಲಕ್ಕೆ. ಆ ಡಾಕ್ಟರಿಗೆ ಒಂದು ಕಾಲದಲ್ಲಿ ನನ್ನ ಮಗಳನ್ನ ಕೊಡೋಣ ಅಂತ ನನಗೆ ಆಸೆ ಇತ್ತು. ಹೋಗಲಿ, ಅದು ಈಗ ಯಾಕೆ?

ಮೊದಲನೇ ಸಲ ಎಲ್ಲ ಚೆನ್ನಾಗೇ ನಡೀತಿತ್ತು. ಹಿಂದಿನಿಂದ ನಾನು 'ಏ ಟೈಲರ್' ಅಂತ ಕರೆದೆ. ಅತ್ತೆ ಕರೆದರೆ ಅಳಿಯ ಆದವನು ಏನು ಮಾಡ್ತಾನೆ? ಎದ್ದು, ತಿರುಗಿ, 'ಏನತ್ತೆ' ಅಂತ ಕೈಕಟ್ಟಿ ನಿಲ್ತಾನೆ. ಇವನೂ ತಿರುಗಿದ. ಕೈಯಲ್ಲಿದ್ದ ರೈಫಲೂ ತಿರುಗಿತು. ಬೆಂಚಿನ ಮೇಲಿದ್ದ ಏಳು ಜನ ಒಂದೇ ಉಸಿರಿಗೆ ನೆಲಕ್ಕೆ ಬಿದ್ದರು. ಬೇಕರಿಯವನ ಮೇಲೆ ಹಲ್ಲಿನ ಡಾಕ್ಟರು, ಡಾಕ್ಟರ ಮೇಲೆ ಟೀ ಫ್ಲಾಸ್ಕು. ಇರೋದು ಹುಸಿ ತೋಟಾ ಅಂತ ಎಲ್ಲರಿಗೂ ಗೊತ್ತಿತ್ತು, ಆದರೂ ಬಿದ್ದರು, ನಾನೇ ಹಾಗೆ ಕಲಿಸಿದ್ದು. ನನ್ನ ಸೀಟಿ ಊದಿ ಊದಿ ಅದರೊಳಗಿನ ಗೋಲಿ ಸಿಕ್ಕಿಹಾಕ್ಕೊಂಡಿತು. ಅಳಿಯ ಮಾತ್ರ ಕಕ್ಕಾಬಿಕ್ಕಿಯಾಗಿ 'ಯಾಕತ್ತೆ, ಇವರೆಲ್ಲ ಯಾಕೆ ಮಲಗಿದ್ದಾರೆ?' ಅಂತ ಕೇಳಿದ.

ಆಮೇಲಿನ ಸಲದ್ದನ್ನ ನೆನೆಸಿಕೊಂಡರೆ ಈಗಲೂ ಮೈ ಉರಿಯುತ್ತೆ. ಕೊಳವೆ ಎಳೆದ, ಒಂದು ಕೈ ರೈಫಲಿಗೆ, ಒಂದು ಕೈ ಕೊಳವೆಗೆ. ತೋಟಾ ಇಟ್ಟುಕೊಳ್ಳೋಕೆ ಮೂರನೇ ಕೈ ಇಲ್ಲ. ಟೈಲರುಗಳಿಗೆ ಒಂದು ಅಭ್ಯಾಸ ಇರುತ್ತೆ ನೋಡಿ, ಗುಂಡುಸೂಜಿಗಳನ್ನ ತುಟಿ ಮಧ್ಯೆ ಸಾಲಾಗಿ ಕಚ್ಚಿಕೊಳ್ಳೋದು. ನಾನು ಕಣ್ಣು ಮಿಟುಕಿಸೋದರೊಳಗೆ ಐದು ತೋಟಾ ಇವನ ಬಾಯಲ್ಲಿ! ತುದಿಯಲ್ಲಿ ಸೀಸ ಇರೋ ವಸ್ತು!

'ಉಗುಳೋ!' ಅಂತ ಕಿರುಚಿದೆ.

'ಉಂ ಉಂ' ಅಂದ.

'ಉಗುಳು ಅಂದೆ!'

ಉಗುಳಿದ. ಒಂದೊಂದನ್ನೂ ಅಂಗೈ ಮೇಲೆ ಮರ್ಯಾದೆಯಿಂದ ಉಗುಳಿ, ಅಂಗಿಗೆ ಒರೆಸಿ, ಸಾಲಾಗಿ ಜೋಡಿಸಿ ಇಟ್ಟ. 'ಸೂಜಿಗಿಂತ ಸುಲಭ ಅತ್ತೆ, ಚುಚ್ಚಲ್ಲ' ಅಂದ. ಹಲ್ಲಿನ ಡಾಕ್ಟರು ಬೆಂಚಿನಿಂದ 'ಹಲ್ಲಿಗೆ ಒಳ್ಳೇದಲ್ಲ' ಅಂತ ಸೇರಿಸಿದರು. ಅವರಿಗೆ ಅವರ ವ್ಯಾಪಾರದ ಚಿಂತೆ.

ಇನ್ನೊಂದು ಸಲ ಲಿವರನ್ನ ಎಷ್ಟು ನಾಜೂಕಾಗಿ ಆಡಿಸಿದ ಅಂದರೆ, ಅದಕ್ಕೆಲ್ಲಿ ನೋವಾಗುತ್ತೋ ಅನ್ನೋ ಹಾಗೆ. ಅರ್ಧಕ್ಕೆ ಇಳಿಸಿ ವಾಪಸ್ ಎತ್ತಿದ. ತೋಟಾ ನಡುವೆ ಸಿಕ್ಕಿಹಾಕ್ಕೊಂಡಿತು. ಬಿಡಿಸೋಕೆ ನನಗೆ ಅರ್ಧ ಗಂಟೆ. ಅದರ ಮುಂದಿನ ಸಲ ಇನ್ನೂ ಪರೀಕ್ಷೆ ಶುರುವೇ ಆಗಿರಲಿಲ್ಲ, ಇವನು ಮೇಜಿನ ಮುಂದಕ್ಕೆ ಹೋಗಿ, ಕೊರಳಿನ ಟೇಪು ತೆಗೆದು, ನಳಿಗೆಯ ಬಾಯಿಗೆ ಮುಖ ಕೊಟ್ಟು ಬಗ್ಗಿ ಅಳತೆ ತಗೋತಿದ್ದಾನೆ! ಯಾಕೆ? ರೈಫಲಿಗೊಂದು ಕವರ್ ಹೊಲಿದು ನನಗೆ ಉಡುಗೊರೆ ಕೊಡೋಕಂತೆ. ಫೇಲ್ ಮಾಡಿದೆ. ಕವರ್ ಬಂತು, ಒಳಗೆ ಮೆತ್ತನೆ ಬಟ್ಟೆ, ಹೊರಗೆ ಗಟ್ಟಿ ಕ್ಯಾನ್ವಾಸು, ಒಂದು ದಾರ ಆಚೀಚೆ ಇಲ್ಲ. ಹೊಟ್ಟೆ ಉರಿಯೋ ಹಾಗೆ ಚೆನ್ನಾಗಿತ್ತು. ಐದನೇ ಸಲ ಯಾಕೆ ಫೇಲ್ ಮಾಡಿದೆ ಅಂತ ನನಗೇ ಸರಿಯಾಗಿ ನೆನಪಿಲ್ಲ. ನಿಂತ ಭಂಗಿ ಸರಿ ಇರಲಿಲ್ಲ ಅಂತಲೋ ಏನೋ.

ಆ ಐದನೇ ಫೇಲು ಮಗಳಿಗೆ ತಾಗಿತು.

ಮಾತ್ರೆ ತರೋಕೆ ಅವಳ ಅಂಗಡಿಗೆ ಹೋಗಿದ್ದೆ. ಕೌಂಟರಿನ ಆಚೆ ನಿಂತು, ಮಾತ್ರೆ ಹಾಳೆ ಕತ್ತರಿಸ್ತಾ, ತಲೆ ಎತ್ತದೆ ಅಂದಳು: 'ಅಮ್ಮ, ಈ ಶನಿವಾರ ಅವರು ಪಾಸಾಗದಿದ್ದರೆ ನಾನೂ ಇನ್ನು ಮೇಲೆ ಕ್ಲಬ್ಬಿಗೆ ಬರಲ್ಲ.'

'ಏನು, ಬೆದರಿಕೆನಾ?'

'ಬೆದರಿಕೆ ಯಾಕೆ? ವಾರದಲ್ಲಿ ನನಗಿರೋ ಬಿಡುವು ಒಂದೇ ಒಂದು ಮಧ್ಯಾಹ್ನ. ಅವರು ಮನೇಲಿ ಒಬ್ಬರೇ ಕೂತು ಗುಂಡಿ ಹೊಲಿಯೋದು, ನಾನು ಅಲ್ಲಿ ನಿನ್ನ ಸೀಟಿ ಕೇಳೋದು, ಸಾಕಾಯ್ತು. ಜೋಡಿ ಪಂದ್ಯಕ್ಕೆ ಅವರ ಜೊತೆ ಇಳೀಬೇಕು ಅಂತಿದ್ದೆ. ನೀನು ಅವರನ್ನ ನೋಡಿದ ತಕ್ಷಣ ತಪ್ಪು ಹುಡುಕೋಕೆ ನಿಲ್ತೀಯ.'

'ಹುಡುಕೋದೇನು ಬಂತು, ಅವು ತಾವಾಗೇ ನಡಕೊಂಡು ಬರ್ತಾವೆ!'

'ನಿಂತ ಭಂಗಿಗೆ ಫೇಲ್ ಮಾಡಿದೆಯಲ್ಲಮ್ಮ!'

ಮಾತ್ರೆ ತಗೊಂಡು ಬಂದೆ. ದಾರಿಯುದ್ದಕ್ಕೂ ಅವಳ ಮೇಲೆ ಗೊಣಗಿದೆ, ಮನೆಗೆ ಬಂದು ಅತ್ತುಬಿಟ್ಟೆ. ಯಾರಿಗೂ ಹೇಳಬೇಡಿ. ಏಳು ವರ್ಷದಿಂದ ಶನಿವಾರ ಮಧ್ಯಾಹ್ನದ ಆ ಎರಡು ಗಂಟೆಗೋಸ್ಕರ ನಾನು ಉಳಿದ ಆರು ದಿನ ದೂಡ್ತೀನಿ. ಅವಳು ಬರ್ತಾಳೆ, ಮೂರನೇ ಮೇಜಿಗೆ ಹೋಗ್ತಾಳೆ, ಹೊಡೀತಾಳೆ, ಕ್ಲಬ್ಬಿಗೇ ಅವಳು ಮೊದಲು. ಅವಳು ಬರದಿದ್ದರೆ ಆ ಕೆಂಪು ಟೋಪಿ ಹಾಕ್ಕೊಂಡು ನಾನು ಯಾರಿಗೆ ಸೀಟಿ ಊದಲಿ, ಹಲ್ಲಿನ ಡಾಕ್ಟರಿಗಾ? ಅಂತೂ ಅಳಿಯ ಪಾಸಾಗಲೇಬೇಕಿತ್ತು. ಆದರೆ ಯೋಗ್ಯತೆ ಇಲ್ಲದವನ ಕೈಗೆ ರೈಫಲ್ ಕೊಟ್ಟು ಪಾಸು ಅಂತ ಬರೆಯೋ ಹೆಂಗಸು ನಾನಲ್ಲ. ನಿಜವಾಗಲೂ ಪಾಸಾಗಪ್ಪಾ, ನಿನ್ನ ದಮ್ಮಯ್ಯ ಅಂತೀನಿ, ಅಂತ ಮನಸ್ಸಿನಲ್ಲೇ ಕೈಮುಗಿದೆ. ಒಬ್ಬ ಅತ್ತೆಗೆ ಬರಬಾರದ ಸ್ಥಿತಿ ಇದು.

ಶನಿವಾರ ಬಂತು. ಅಳಿಯ ಇಸ್ತ್ರಿ ಮಾಡಿದ ಅಂಗಿ ಹಾಕ್ಕೊಂಡು ಬಂದಿದ್ದ. ಮಗಳು ಬೆಂಚಿನ ತುದಿಯಲ್ಲಿ ಕೂತು ಉಗುರು ಕಚ್ತಿದ್ದಳು. ಬೇಕರಿಯವನು ಮುನ್ನೆಚ್ಚರಿಕೆಯಾಗಿ ಟೀ ಫ್ಲಾಸ್ಕನ್ನ ಮಡಿಲಲ್ಲಿ ಇಟ್ಟುಕೊಂಡಿದ್ದ. ನಾನು ರೈಫಲನ್ನ ಮೇಜಿನ ಮೇಲಿಟ್ಟೆ, ನಳಿಗೆ ಮರಳಿನ ಕಡೆ, ಲಿವರ್ ಬಿಚ್ಚಿ. ಪಕ್ಕದಲ್ಲಿ ಒಂದು ಬಿಳಿ ಬಟ್ಟೆ, ಹೊರಗೆ ಬಿದ್ದ ತೋಟಾ ಎಣಿಸೋಕೆ.

ಅಳಿಯ ಗೆರೆ ದಾಟಿದ. ಗೂಡಿನೊಳಗೆ ನೋಡಿದ, ಕಿರುಬೆರಳು ಹಾಕಿ ಮುಟ್ಟಿದ. ಆಮೇಲೆ ಕೊಳವೆಗೆ ಕೈ ಹಾಕಿ, 'ಇದನ್ನೂ ಎಳೆದು ಓರೆ ಮಾಡಿ ನೋಡಿಬಿಡ್ತೀನಿ ಅತ್ತೆ' ಅಂದ.

ಇಲ್ಲಿ ನನ್ನ ಬುದ್ಧಿಗೆ ಏನು ಬಂದಿತ್ತೋ. ಇವನು ಜಾಸ್ತಿ ಹೊತ್ತು ಆ ರೈಫಲಿನ ಜೊತೆ ಇದ್ದಷ್ಟೂ ಏನೋ ಒಂದು ಎಡವಟ್ಟು ಮಾಡ್ತಾನೆ, ಕೊಳವೆ ಬೀಳಿಸ್ತಾನೆ, ಕೈ ಅಡ್ಡ ತರ್ತಾನೆ, ನಾನು ಫೇಲ್ ಮಾಡಬೇಕಾಗುತ್ತೆ, ಮಗಳು ಎದ್ದು ಹೋಗ್ತಾಳೆ. ಇದೇ ತಲೇಲಿ ಓಡ್ತಿತ್ತು. 'ನಾನೇ ನೋಡಿದ್ದೀನಿ, ಖಾಲಿ ಇದೆ' ಅಂದೆ.

'ಯಾರು ಕೊಟ್ಟರೂ ನಾವೇ ನೋಡಬೇಕು ಅಂತ ನೀವೇ...'

'ಅದೇನು ಬಾವಿಯಾ ಇಣುಕಿ ನೋಡೋಕೆ? ಖಾಲಿ ಅಂದ್ನಲ್ಲ. ತುಂಬು!'

ಒಂದು ಕ್ಷಣ ನಿಂತ. ಆಮೇಲೆ ತುಂಬಿದ. ಏನು ತುಂಬಿದ ಅಂತೀರಿ! ಹಿಂಭಾಗ ಮೊದಲಾಗಿ, ಒಂದೊಂದೇ, ಮೇಜಿನಿಂದ ತಗೊಂಡು, ಕಿಂಡಿಗೆ ಇಳಿಬಿಟ್ಟು. ಬಾಯಿ ಗಟ್ಟಿಯಾಗಿ ಮುಚ್ಚಿತ್ತು, ತುಟಿ ಒಳಗೆ ಸೇರಿಸಿಕೊಂಡಿದ್ದ, ಅಪ್ಪಿತಪ್ಪಿ ಏನಾದರೂ ಹೋದೀತು ಅಂತ. ಕೈ ಒಂದು ಸಲಕ್ಕೂ ನಳಿಗೆಯ ಮುಂದೆ ಬರಲಿಲ್ಲ. ಕೊಳವೆ ಒತ್ತಿ, ತಿರುಗಿಸಿ, ಬೀಗ ಬಿತ್ತಾ ಅಂತ ಎಳೆದು ನೋಡಿದ. ನಾನು ಹಿಂದಿನಿಂದ ಗಟ್ಟಿಯಾಗಿ 'ಅಳಿಯಂದ್ರೇ!' ಅಂತ ಕರೆದೆ, ಬೇಕಂತಲೇ. ಬೆಂಚಿನವರು ಅರ್ಧಂಬರ್ಧ ನೆಲಕ್ಕೆ ಬಗ್ಗಿದರು.

'ಹೇಳಿ ಅತ್ತೆ' ಅಂದ, ಮರಳುಗುಡ್ಡೆಗೆ. ಕತ್ತು ಕೂಡ ತಿರುಗಲಿಲ್ಲ.

ನನ್ನ ಎದೆ ಉಬ್ಬಿತು. ನಿಜ ಹೇಳ್ತೀನಿ, ಉಬ್ಬಿತು.

'ಈಗ ಹೊರತೆಗಿ.'

ಲಿವರ್ ಆಡಿಸಿದ. ಪೂರ್ತಿ ಕೆಳಗೆ, ಪೂರ್ತಿ ಮೇಲೆ, ಕಟಕ್, ಕಟಕ್, ಬೆರಳು ಹೊರಗೆ ನೆಟ್ಟಗೆ. ತೋಟಾ ಒಂದೊಂದಾಗಿ ಹಾರಿ ಬಿಳಿ ಬಟ್ಟೆ ಮೇಲೆ ಬಿದ್ದವು. ನಾನು ಎಣಿಸ್ತಾ ಹೋದೆ. ಎಂಟು. ಒಂಬತ್ತು. ಹತ್ತು! ಹತ್ತನೇದು ಬಿದ್ದಾಗ ನನಗೆ ಮೂವತ್ತಾರು ವರ್ಷದ ಹಳೇ ಸಮಾಧಾನ ಬಂತು, ಒಳಗೆ ಹೋದದ್ದು ಹತ್ತು, ಹೊರಗೆ ಬಂದದ್ದು ಹತ್ತು, ಹೊಟ್ಟೆ ಹೊಲೀಬಹುದು. ಬೆಂಚಿನ ಕಡೆ ತಿರುಗಿ ಮಗಳಿಗೆ ಕಾಣೋ ಹಾಗೆ ತಲೆ ಆಡಿಸಿದೆ. 'ಖಾಲಿ! ಮರಳಿಗೆ ಹಿಡಿದು ಟ್ರಿಗರ್ ಒತ್ತಿ ಹ್ಯಾಮರ್ ಇಳಿಸು. ಮುಗೀತು.'

ಅವನು ಒತ್ತಲಿಲ್ಲ.

'ಒತ್ತೋ.'

'ಒತ್ತಲ್ಲ ಅತ್ತೆ.'

'ಯಾಕೆ?'

'ಖಾಲಿ ಇಲ್ಲ ಅನ್ಸುತ್ತೆ.'

ಪಿತ್ತ ನೆತ್ತಿಗೇರಿತು. ಇಷ್ಟು ಚೆನ್ನಾಗಿ ಮಾಡಿ ಕೊನೇ ಗಳಿಗೆಯಲ್ಲಿ ಮೊಂಡು ಹಿಡಿದರೆ? ಎಣಿಕೆಯಲ್ಲಿ ನನಗೆ ಪಾಠ ಹೇಳ್ತಾನಾ ಇವನು? 'ಹತ್ತು ಹಾಕಿದೆ, ಹತ್ತು ಬಂತು, ನನ್ನ ಕಣ್ಣೆದುರಿಗೇ ಇದೆ! ಪರೀಕ್ಷೆ ಮಾಡೋರ ಮಾತು ಮೀರಿದರೆ ಫೇಲು, ಗೊತ್ತಿದೆ ತಾನೆ?'

'ಗೊತ್ತು. ಫೇಲ್ ಮಾಡಿ ಅತ್ತೆ, ಪರವಾಗಿಲ್ಲ.'

ನನ್ನ ಕೈ ಮೇಜಿನ ಕಡೆ ಹೋಯಿತು. ರೈಫಲ್ ಕಿತ್ತುಕೊಂಡು ನಾನೇ ಒತ್ತಿ ತೋರಿಸ್ತೀನಿ ಅನ್ನೋ ಸಿಟ್ಟು. ಇನ್ನೊಂದು ಹೆಜ್ಜೆ ಇಡಬೇಕು, ಅಷ್ಟರಲ್ಲಿ ಒಂದು ಕೂಗು ಬಂತು.

'ನಿಲ್ಲಿ!'

ತಗಡಿನ ಛಾವಣಿ ಝಣ್ ಅಂತು. ಕೂಗಿದ್ದು ಅಳಿಯ, ಮದುವೆಯಾದ ಹನ್ನೊಂದು ವರ್ಷದಲ್ಲಿ ನನ್ನೆದುರು ಗಟ್ಟಿಯಾಗಿ ಕೆಮ್ಮದ ಮನುಷ್ಯ. ನಮ್ಮಲ್ಲಿ ಒಂದು ಕಟ್ಟಳೆ ಇದೆ, ಅಪಾಯ ಕಂಡವರು ಯಾರೇ ಆಗಲಿ 'ನಿಲ್ಲಿ' ಅಂದರೆ ಎಲ್ಲರೂ ಇದ್ದಲ್ಲೇ ನಿಲ್ಲಬೇಕು. ನಿಂತೆ. ಒಂದು ಕಾಲು ಮುಂದೆ, ಒಂದು ಕಾಲು ಹಿಂದೆ, ಬಾಯಿ ತೆರೆದುಕೊಂಡು. ಬೇಕರಿಯವನ ಕಪ್ಪಿಗೆ ಟೀ ಬಗ್ಗಿಸ್ತಿದ್ದ ಹಲ್ಲಿನ ಡಾಕ್ಟರು ಬಗ್ಗಿಸಿದ ಹಾಗೇ ನಿಂತರು, ಟೀ ಕಪ್ಪು ತುಂಬಿ ಬೇಕರಿಯವನ ಮೊಣಕಾಲಿಗೆ ಇಳೀತು, ಅವನೂ ತುಟಿಪಿಟಕ್ ಅನ್ನಲಿಲ್ಲ.

'ಬಟ್ಟೆ ನೋಡಿ ಅತ್ತೆ' ಅಂದ ಅಳಿಯ, ಈಗ ಮೆತ್ತಗೆ, ಕಣ್ಣು ಮರಳಿನ ಕಡೆಯೇ. 'ಅದರಲ್ಲಿ ಒಂದರ ಬಣ್ಣ ಬೇರೆ. ಹುಸಿಯವೆಲ್ಲ ಕೈ ತಾಗಿ ತಾಗಿ ಮಂಕಾಗಿವೆ. ಅದು ಹೊಸ ಹಿತ್ತಾಳೆ. ಅದಕ್ಕೆ ಸೊಂಟದಲ್ಲಿ ತೂತೂ ಇಲ್ಲ.'

ಬಗ್ಗಿ ನೋಡಿದೆ. ನೀಲಿಯಲ್ಲಿ ಹದಿನಾಲ್ಕು ಬಗೆ ದಾರ ಬೇರೆ ಮಾಡೋ ಟೈಲರ್ ಕಣ್ಣು ಅದು, ತಪ್ಪೋದಾದರೂ ಹೇಗೆ? ಹತ್ತರಲ್ಲಿ ಒಂಬತ್ತಕ್ಕೆ ತೂತಿತ್ತು. ಒಂದಕ್ಕೆ ಇಲ್ಲ. ಕೈಗೆ ತಗೊಂಡೆ. ಭಾರ. ಒಳಗೆ ಮದ್ದಿತ್ತು. ನಿಜವಾದ ತೋಟಾ.

ಅಂದರೆ ಅವನು ತುಂಬೋಕೆ ಮೊದಲೇ ಅದು ಕೊಳವೆಯಲ್ಲಿ ಇತ್ತು. ಹತ್ತು ಹುಸಿ ಒಳಗೆ ಹೋಗಿ, ಒಂಬತ್ತು ಹುಸಿ ಮತ್ತೆ ಒಂದು ನಿಜ ಹೊರಗೆ ಬಂದಿದ್ದರೆ, ಒಂದು ಹುಸಿ ಇನ್ನೂ ಒಳಗಿದೆ. ಅಳಿಯ ಲಿವರ್ ಇಳಿಸಿದ. ಟಿಣ್ ಅಂತ ಹನ್ನೊಂದನೇದು ಹಾರಿ ಬಿತ್ತು. ಸೊಂಟದಲ್ಲಿ ತೂತು. ಆಮೇಲೆ ಕೊಳವೆ ಎಳೆದು ಓರೆ ಮಾಡಿದ, ಗೂಡು ನೋಡಿದ, ಕಿರುಬೆರಳು ಹಾಕಿದ, ಲಿವರ್ ಬಿಚ್ಚಿದ ಹಾಗೇ ರೈಫಲನ್ನ ಮೇಜಿನ ಮೇಲಿಟ್ಟ. 'ಈಗ ಖಾಲಿ' ಅಂದ. ಅಷ್ಟು ಹೇಳಿ, ಎರಡು ಹೆಜ್ಜೆ ಹಿಂದೆ ಬಂದು, ನೆಲದ ಮೇಲೇ ಕೂತುಬಿಟ್ಟ.

ಆ ತೋಟಾ ಯಾರದ್ದು ಅಂತ ನನಗೆ ಆ ಕ್ಷಣವೇ ಗೊತ್ತಾಯಿತು. ಅವತ್ತು ಬೆಳಿಗ್ಗೆ ಆ ರೈಫಲಿನಲ್ಲಿ ಹೊಡೆದವಳು ನಾನು. ಹತ್ತು ತುಂಬಿದ್ದೆ. ಹೊಡೀತಾ ಹೋದೆ, ಕೊನೆಗೊಂದು ಸಲ ಟಿಕ್ ಅಂತು, ಮುಗೀತು ಅಂದುಕೊಂಡೆ. ಗೂಡು ನೋಡಿದೆ, ಖಾಲಿ. ಆ ಕೊಳವೆಯಲ್ಲಿ ತೋಟಾ ತಳ್ಳೋ ಸ್ಪ್ರಿಂಗು ಹಳೇದು, ಕೊನೇ ತೋಟಾ ಅಲ್ಲೇ ಎಲ್ಲೋ ಕಚ್ಚಿಕೊಂಡಿತ್ತು. ಕೊಳವೆ ಎಳೆದು ನೋಡಲಿಲ್ಲ ನಾನು. ಯಾಕಂದರೆ ಅವಸರದಲ್ಲಿ ಗುರಿಕಾಗದ ನೋಡೋಕೆ ಓಡಿದ್ದೆ. ಕಾಗದದಲ್ಲಿ ಒಂಬತ್ತು ತೂತಿತ್ತು. ಒಂಬತ್ತೇ. ಬೇರೆ ಯಾರಾದರೂ ಆಗಿದ್ದರೆ, ಎಲ್ಲಿ ಹತ್ತನೇದು, ಅಂತ ಯೋಚಿಸ್ತಿದ್ದರು. ನಾನು ಏನು ಅಂದುಕೊಂಡೆ ಗೊತ್ತಾ? ಹತ್ತನೇ ಗುಂಡು ಒಂಬತ್ತನೇ ತೂತಿನೊಳಗೇ ಹೋಗಿದೆ, ಆಹಾ, ಈ ವಯಸ್ಸಿನಲ್ಲೂ ನನ್ನ ಗುರಿ ಎಂಥದ್ದು! ಹೊಡೆದ ಮೇಲೆ ಉದುರಿದ ಖಾಲಿ ಕೋಶ ಎಣಿಸಿದೆ, ಅದೂ ಒಂಬತ್ತೇ. ಒಂದು ಬೆಂಚಿನ ಕೆಳಗೆ ಉರುಳಿರಬೇಕು ಅಂದುಕೊಂಡೆ. ಸಾಲದ್ದಕ್ಕೆ ಆ ಕಾಗದಕ್ಕೆ 'ಒಂದೇ ತೂತಿನಲ್ಲಿ ಎರಡು' ಅಂತ ಬರೆದು ನೋಟಿಸ್ ಬೋರ್ಡಿಗೆ ಸಿಕ್ಕಿಸಿದೆ. ಮಧ್ಯಾಹ್ನ ಬಂದವರೆಲ್ಲ ಕೈಕುಲುಕಿದ್ದರು. ಹಲ್ಲಿನ ಡಾಕ್ಟರು ಎರಡು ಸಲ ಕುಲುಕಿದ್ದರು.

ಮೂವತ್ತಾರು ವರ್ಷ ಒಂದು ಹತ್ತಿಯುಂಡೆ ಕಳೆದುಹೋಗೋಕೆ ಬಿಡದವಳು, ಒಂದು ಗುಂಡನ್ನ ಜಂಬಕ್ಕೆ ಕಳೆದುಕೊಂಡೆ.

'ಬಿಡಿ ಮೇಡಂ' ಅಂದರು ಹಲ್ಲಿನ ಡಾಕ್ಟರು. 'ಒಳಗೆ ಉಳಿದಿದ್ದು ಹುಸಿ ತೋಟಾ ತಾನೆ, ಒತ್ತಿದ್ದರೂ ಏನೂ ಆಗ್ತಿರಲಿಲ್ಲ.'

'ನಿಜದ್ದು ಲಿವರ್ ಒಂದು ಸಲ ಆಡೋವಷ್ಟು ಹೊತ್ತು ಗೂಡಲ್ಲಿ ಕೂತಿತ್ತು ಡಾಕ್ಟರೇ! ಅವನ ಬೆರಳು ಹೊರಗಿತ್ತು ಅಂತ ಬಚಾವು. ಬಿಡಿ ಅಂತೆ! ನಿಮ್ಮ ಹತ್ತಿರ ಹಲ್ಲು ಕೀಳಿಸಿಕೊಳ್ಳೋಕೂ ಬರಲ್ಲ ಇನ್ನು ಮೇಲೆ' ಅಂದೆ. ಪಾಪ, ಅವರ ತಪ್ಪೇನಿತ್ತು? ಬೈಯೋಕೆ ಯಾರಾದರೂ ಬೇಕಿತ್ತು.

ಗೋಡೆ ಮೇಲೆ ನಿಯಮಗಳ ಪಟ್ಟಿ ಇದೆ, ನನ್ನದೇ ಕೈಬರಹ. ತುಂಬಿದ ರೈಫಲನ್ನ ಖಾಲಿ ಅಂದವರು, ಯಾರೇ ಆಗಿರಲಿ, ಮೊದಲ ಪಾಠದಿಂದ ಕಲಿತು ಪರೀಕ್ಷೆ ಪಾಸಾಗೋ ತನಕ ಹಳದಿ ಗೆರೆ ದಾಟಕೂಡದು. 'ಯಾರೇ ಆಗಿರಲಿ' ಅನ್ನೋದರ ಕೆಳಗೆ ಎರಡು ಗೆರೆ ಬೇರೆ ಎಳೆದಿದ್ದೆ. ಎಲ್ಲರೂ ಛಾವಣಿ ನೋಡ್ತಿದ್ದರು, ಅಲ್ಲೇನೋ ಬರೆದಿರೋ ಹಾಗೆ. ರಿಜಿಸ್ಟರ್ ತೆಗೆದು ಅಳಿಯನ ಹೆಸರಿನ ಮುಂದೆ ಪಾಸು ಅಂತ ಬರೆದೆ. ಅದರ ಕೆಳಗೆ ನನ್ನ ಹೆಸರು ಬರೆದು ಫೇಲ್ ಅಂತ ಬರೆದೆ. ಟೋಪಿ ತೆಗೆದೆ, ಸೀಟಿ ತೆಗೆದೆ. ಬೋರ್ಡಿನ ಕಾಗದ ಕಿತ್ತೆ. ಅಳು ಬಂತು, ತಡೀಲಿಲ್ಲ. ಎಲ್ಲರೆದುರಿಗೇ ಅತ್ತೆ, ಮೂಗು ಸೀಟುತ್ತಾ ಗೆರೆಯ ಈಚೆ ಬಂದೆ.

ಅಳಿಯ ನೆಲದಿಂದ ಎದ್ದು ಹತ್ತಿರ ಬಂದ. 'ನಿಮ್ಮ ಮೇಲೆ ಕೂಗಿದೆ ಅಂತ ಬೇಜಾರು ಮಾಡ್ಕೋಬೇಡಿ ಅತ್ತೆ.'

'ನೀವು ಕೂಗದೆ ಇದ್ದಿದ್ದರೆ ಈ ಜನ್ಮದಲ್ಲಿ ನಿಮ್ಮ ಮುಖ ನೋಡ್ತಿರಲಿಲ್ಲ' ಅಂದೆ. ಗೆರೆಯ ಈಚೆ ಇದ್ದೆವಲ್ಲ, ಬಹುವಚನ.

ಮುಂದಿನ ಶನಿವಾರ ಕೆಂಪು ಟೋಪಿ ಹಲ್ಲಿನ ಡಾಕ್ಟರ ತಲೆ ಮೇಲಿತ್ತು, ಕಿವಿ ತನಕ ಇಳಿದುಕೊಂಡು. ಸೀಟಿ ಊದೋ ಬದಲು 'ದಯವಿಟ್ಟು' ಅಂತಿದ್ದರು. ಕೇಳಿ ಕೇಳಿ ನನ್ನ ಕೈ ತುರಿಸ್ತಿತ್ತು. ನನಗೆ ಪಾಠ ಹೇಳಿಕೊಡೋರು ಯಾರು ಅನ್ನೋದೇ ದೊಡ್ಡ ಸಮಸ್ಯೆಯಾಗಿತ್ತು. ಬೇಕರಿಯವನಿಗೆ ಒಲೆ ಮೇಲೆ ಏನೋ ಇಟ್ಟು ಬಂದದ್ದು ನೆನಪಾಯಿತು. ಇನ್ನೊಬ್ಬನಿಗೆ ಬೆನ್ನು ಹಿಡೀತು. ಕೊನೆಗೆ ಟೈಲರೇ ಒಪ್ಪಿಕೊಂಡ, 'ಅತ್ತೆ, ನಾನು ಐದು ಸಲ ಫೇಲಾದವನು, ಎಲ್ಲೆಲ್ಲಿ ತಪ್ಪಾಗುತ್ತೆ ಅಂತ ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು' ಅಂತ. ಮೊದಲ ಪಾಠದಲ್ಲೇ ನನ್ನನ್ನ ಮೂರು ಸಲ ನಿಲ್ಲಿಸಿದ. ಮೂರೂ ಸಲ ಸರಿಯಾಗೇ ನಿಲ್ಲಿಸಿದ. ಒಂದು ಸಲ ಅವನಿಗೇ ಬೈಯೋಕೆ ಅಂತ ನಾನು ರೈಫಲ್ ಸಮೇತ ತಿರುಗೋದರಲ್ಲಿದ್ದೆ.

ಪಾಠದ ಮಧ್ಯೆ ಬೇರೆಯವರ ಸರದಿ ಬಂತು ಅಂತ ನಾನು ಬೆಂಚಿಗೆ ಬಂದು ಕೂತೆ. ಏಳು ವರ್ಷದಲ್ಲಿ ಆ ಬೆಂಚಿನ ಮೇಲೆ ಕೂತಿದ್ದು ಅದೇ ಮೊದಲು. ಮಗಳು ತನ್ನ ಸುತ್ತು ಹೊಡೆದು ಮುಗಿಸಿ, ಗೆರೆ ದಾಟಿ ಈಚೆ ಬಂದು, ಪಕ್ಕದಲ್ಲಿ ಕೂತಳು. ಕಿವಿಯ ಮುಚ್ಚಳ ತೆಗೆದು ಮಡಿಲಲ್ಲಿ ಇಟ್ಟುಕೊಂಡು ಟೀ ಬಗ್ಗಿಸಿ ಕೊಟ್ಟಳು.

ಪ್ರತಿ ಶನಿವಾರ ಎರಡು ಗಂಟೆ ಮಗಳ ಜೊತೆ ಇರ್ತೀನಿ ಅಂತ ನಾನು ಊರಿಗೆಲ್ಲ ಹೇಳ್ಕೊಂಡು ತಿರುಗ್ತಿದ್ದೆ. ಗೆರೆಯ ಮೇಲೆ ನಿಂತು ಕಾಯೋಳಿಗೆ ಹೊಡೆಯೋರ ಬೆನ್ನು ಮಾತ್ರ ಕಾಣುತ್ತೆ. ಏಳು ವರ್ಷ ನಾನು ನೋಡಿದ್ದು ಅವಳ ಬೆನ್ನು. ಈಗ ಮುಖ ನೋಡಿದೆ. ಕಿವಿಯ ಹತ್ತಿರ ಬಿಳಿ ಕೂದಲು, ನಾಲ್ಕೈದು. ಕಣ್ಣಿನ ಕೆಳಗೆ ಕಪ್ಪು. ಅಂಗಡಿಯಲ್ಲಿ ಮಾತ್ರೆ ತಗೊಳ್ಳೋವಾಗ ಇದೆಲ್ಲ ನನಗೆ ಯಾಕೆ ಕಾಣಲಿಲ್ಲ?

'ನಿದ್ದೆ ಸರಿಯಾಗಿ ಮಾಡ್ತಿಲ್ವೇನೇ?' ಅಂದೆ.

ತನ್ನ ಕಪ್ಪನ್ನ ಎರಡೂ ಕೈಯಲ್ಲಿ ಹಿಡಿದುಕೊಂಡಳು. 'ಇಲ್ಲಮ್ಮ' ಅಂದಳು. 'ಬಹಳ ದಿನ ಆಯ್ತು.' ಆಮೇಲೆ ಹೇಳೋಕೆ ಶುರು ಮಾಡಿದಳು.

ಗೆರೆಯ ಆಚೆಯಿಂದ ಅಳಿಯ ಕರೆದ, 'ಅತ್ತೆ, ನಿಮ್ಮ ಸರದಿ!'

'ಇರಪ್ಪ ಸ್ವಲ್ಪ' ಅಂದೆ. 'ನನ್ನ ಮಗಳು ಮಾತಾಡ್ತಿದ್ದಾಳೆ.'